ಅರ್ಧ ತಾಮ್ರ ನಿಂತಾಗ ಬೆಲೆ ಏಕೆ ಇಳಿಯಿತು? ತೂತ್ತುಕುಡಿ ಪ್ರಕರಣದ ಒಂದು ಲೆಕ್ಕ

2018ರ ಮೇ 28ರ ಸಂಜೆ ನಮ್ಮ ಮಾಲೀಕರ ಫೋನು ಬಂತು. ತೂತ್ತುಕುಡಿಯ ತಾಮ್ರದ ಕಾರ್ಖಾನೆಯನ್ನು ಶಾಶ್ವತವಾಗಿ ಮುಚ್ಚಲು ತಮಿಳುನಾಡು ಸರ್ಕಾರ ಆದೇಶ ಹೊರಡಿಸಿತ್ತು. "ದೇಶದ ಅರ್ಧ ತಾಮ್ರ ನಿಂತು ಹೋಯಿತು, ಇನ್ನು ಬೆಲೆ ಕೈಗೆ ಸಿಗುವುದಿಲ್ಲ. ಎರಡು ತಿಂಗಳ ತಂತಿ ಎತ್ತಿಡಿ" ಎಂದರು. ಪೀಣ್ಯದ ಒಂದು ಸಣ್ಣ ಪಂಪ್ ಮೋಟಾರ್ ಕಾರ್ಖಾನೆಗೆ ಸಾಮಾನು ಖರೀದಿಸುವುದು ನನ್ನ ಕೆಲಸ. ಓವರ್‌ಡ್ರಾಫ್ಟ್ ಹಿಗ್ಗಿಸಿ, ಜೂನ್ ಮೊದಲ ವಾರ ಮಾಲು ಇಳಿಸಿಕೊಂಡೆವು. ಆಗ ಜಗತ್ತಿನ ತಾಮ್ರಕ್ಕೆ ದರ ಕಟ್ಟುವ ಲಂಡನ್ ಮೆಟಲ್ ಎಕ್ಸ್‌ಚೇಂಜ್‌ನಲ್ಲಿ ತಾಮ್ರ ಟನ್ನಿಗೆ 7,300 ಡಾಲರ್ ಆಸುಪಾಸಿನಲ್ಲಿತ್ತು. ಆಗಸ್ಟ್ ಮಧ್ಯಕ್ಕೆ ಅದು 6,000ಕ್ಕಿಂತ ಕೆಳಗಿತ್ತು. ರೂಪಾಯಿಯ ಬಿದ್ದ ಬೆಲೆಯನ್ನು ಲೆಕ್ಕಕ್ಕೆ ಹಿಡಿದರೂ ಕಿಲೋಗೆ ಎಪ್ಪತ್ತು ರೂಪಾಯಿಗೂ ಹೆಚ್ಚು ಇಳಿತ. ಗೋದಾಮಿನಲ್ಲಿ ಜೋಡಿಸಿಟ್ಟ ಎನಾಮಲ್ ತಂತಿಯ ರೀಲುಗಳನ್ನು ಆ ಮಳೆಗಾಲವಿಡೀ ನಾನು ಕಣ್ಣೆತ್ತಿ ನೋಡಲಿಲ್ಲ.

ಒಂದು ದೇಶದ ಸಂಸ್ಕರಿತ ತಾಮ್ರದ ಉತ್ಪಾದನೆ ಹೆಚ್ಚು ಕಡಿಮೆ ಅರ್ಧಕ್ಕೆ ಇಳಿದ ವರ್ಷದಲ್ಲೇ ಆ ದೇಶದ ಪೇಟೆಯಲ್ಲಿ ತಾಮ್ರ ಅಗ್ಗವಾಯಿತು. ಇದು ಹೇಗೆ ಸಾಧ್ಯ ಎಂದು ಅಂದಿನಿಂದ ಕೆದಕುತ್ತ ಬಂದಿದ್ದೇನೆ.

ಮೊದಲು ನಡೆದದ್ದೇನು ಎಂಬುದು. ವೇದಾಂತ ಸಮೂಹದ ಸ್ಟರ್ಲೈಟ್ ಕಾಪರ್ ಮೊದಲು ನೆಲೆಯೂರಲು ಹೊರಟದ್ದು ಮಹಾರಾಷ್ಟ್ರದ ರತ್ನಗಿರಿಯಲ್ಲಿ. ಅಲ್ಲಿ 1993ರಲ್ಲಿ ಸ್ಥಳೀಯರು ತಿರುಗಿಬಿದ್ದ ಮೇಲೆ ಯೋಜನೆ ತೂತ್ತುಕುಡಿಗೆ ಬಂತು. ತೊಂಬತ್ತರ ದಶಕದ ನಡುವೆ ಕುಲುಮೆ ಉರಿಯತೊಡಗಿದಾಗಿನಿಂದ ನೀರು, ಗಾಳಿ, ಹೊಗೆಯ ದೂರುಗಳೂ ಜೊತೆಗೇ ಬೆಳೆದವು. 2013ರ ಮಾರ್ಚ್‌ನಲ್ಲಿ ಅನಿಲ ಸೋರಿಕೆಯ ದೂರಿನ ಮೇಲೆ ಕಾರ್ಖಾನೆ ಕೆಲ ಕಾಲ ನಿಂತಿತು. ಅದೇ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್, ಹಿಂದಿನ ಮಾಲಿನ್ಯಕ್ಕಾಗಿ 100 ಕೋಟಿ ರೂಪಾಯಿ ಪರಿಹಾರ ಕಟ್ಟುವಂತೆ ಹೇಳಿತು. 2018ರಲ್ಲಿ ಕಂಪನಿ ತನ್ನ ವಾರ್ಷಿಕ ಸಾಮರ್ಥ್ಯವನ್ನು 4 ಲಕ್ಷ ಟನ್ನಿನಿಂದ 8 ಲಕ್ಷ ಟನ್ನಿಗೆ ಏರಿಸಲು ಹೊರಟಾಗ ಸುತ್ತಲಿನ ಹಳ್ಳಿಗಳು ಧರಣಿ ಕೂತವು. ಧರಣಿಯ ನೂರನೆಯ ದಿನ, ಮೇ 22ರಂದು, ಜಿಲ್ಲಾಧಿಕಾರಿ ಕಚೇರಿಯತ್ತ ಹೊರಟ ಮೆರವಣಿಗೆಯ ಮೇಲೆ ಪೊಲೀಸರು ಗುಂಡು ಹಾರಿಸಿದರು. 13 ಜನ ಸತ್ತರು. ಆರು ದಿನಗಳ ನಂತರ ಬಂದದ್ದು ಆ ಮುಚ್ಚುಗಡೆಯ ಆದೇಶ.

ನಾನು ತಂತಿಯ ಲೆಕ್ಕ ಹೇಳುವವನು, ಆದರೂ ಆ ಹದಿಮೂರು ಜನರನ್ನು ಪಕ್ಕಕ್ಕಿಟ್ಟು ಈ ಪ್ರಕರಣವನ್ನು ಬರೆಯಲಾಗದು. "ಒಂದು ಕಾರ್ಖಾನೆ ಮುಚ್ಚಿ ದೇಶಕ್ಕೆ ಇಷ್ಟು ನಷ್ಟ" ಎಂದು ಶುರುವಾಗುವ ವರದಿಗಳಲ್ಲಿ ಅವರು ಅಂಕಿಯಾಗಿ ಕೂಡ ಕಾಣಿಸುವುದಿಲ್ಲ.

ಮುಂದೆ ನ್ಯಾಯಾಲಯಗಳ ಸುತ್ತು. 2018ರ ಡಿಸೆಂಬರ್‌ನಲ್ಲಿ ಹಸಿರು ನ್ಯಾಯಮಂಡಳಿ ಕಂಪನಿಯ ಪರ ತೀರ್ಪು ಕೊಟ್ಟಿತು, 2019ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್ ಅದನ್ನು ತಳ್ಳಿಹಾಕಿತು, 2020ರ ಆಗಸ್ಟ್‌ನಲ್ಲಿ ಮದ್ರಾಸ್ ಹೈಕೋರ್ಟ್ ಮುಚ್ಚುಗಡೆಯನ್ನು ಎತ್ತಿಹಿಡಿಯಿತು, 2024ರ ಫೆಬ್ರವರಿ 29ರಂದು ಸುಪ್ರೀಂ ಕೋರ್ಟ್ ಕಂಪನಿಯ ಮೇಲ್ಮನವಿಯನ್ನು ವಜಾ ಮಾಡಿತು. ನಡುವೆ, ಕೋವಿಡ್ ಎರಡನೆಯ ಅಲೆಯ ವೇಳೆ, ಅಲ್ಲಿನ ಆಮ್ಲಜನಕ ಘಟಕ ಮಾತ್ರ ಕೆಲ ತಿಂಗಳು ನಡೆಯಿತು.

ಇನ್ನು ವ್ಯಾಪಾರದ ಖಾತೆ. 2017-18ರಲ್ಲಿ ಭಾರತ ಸುಮಾರು 8.4 ಲಕ್ಷ ಟನ್ ಸಂಸ್ಕರಿತ ತಾಮ್ರ ತಯಾರಿಸಿತ್ತು. 2018-19ರಲ್ಲಿ ಅದು ಸುಮಾರು 4.5 ಲಕ್ಷ ಟನ್. ರಫ್ತು 3.78 ಲಕ್ಷ ಟನ್ನಿನಿಂದ 48 ಸಾವಿರ ಟನ್ನಿಗೆ ಕುಸಿಯಿತು. ಆಮದು 44 ಸಾವಿರದಿಂದ 92 ಸಾವಿರ ಟನ್ನಿಗೆ ಏರಿತು. ಹದಿನೆಂಟು ವರ್ಷಗಳಲ್ಲಿ ಮೊದಲ ಬಾರಿಗೆ ಭಾರತ ಮಾರುವುದಕ್ಕಿಂತ ಕೊಳ್ಳುವುದೇ ಹೆಚ್ಚಾಯಿತು. ಈ ಕೊನೆಯ ವಾಕ್ಯವೇ ಎಲ್ಲ ಕಡೆ ತಲೆಬರಹವಾಯಿತು. ನಮ್ಮ ಮಾಲೀಕರ ಎದೆ ಬಡಿದುಕೊಂಡದ್ದೂ ಇಂಥದೇ ಲೆಕ್ಕಕ್ಕೆ.

ಆದರೆ ಈ ಅಂಕಿಗಳನ್ನು ಇನ್ನೊಮ್ಮೆ ಓದಿ. ಉತ್ಪಾದನೆಯಲ್ಲಿ ಕಡಿಮೆಯಾದದ್ದು ಸುಮಾರು ನಾಲ್ಕು ಲಕ್ಷ ಟನ್, ರಫ್ತಿನಲ್ಲಿ ಕಡಿಮೆಯಾದದ್ದು 3.3 ಲಕ್ಷ ಟನ್. ಅಂದರೆ ನಿಂತು ಹೋದ ಮಾಲಿನ ದೊಡ್ಡ ಪಾಲು ಹೇಗೂ ಹಡಗು ಹತ್ತಿ, ಹೆಚ್ಚಾಗಿ ಚೀನಾಕ್ಕೆ, ಹೋಗುತ್ತಿತ್ತು. ನಮ್ಮ ಪೇಟೆಗೆ ಬಿದ್ದ ಕೊರತೆ ಐವತ್ತು ಅರವತ್ತು ಸಾವಿರ ಟನ್ನಿನದು. ಅದನ್ನು ಆಮದು ತುಂಬಿತು. ಗುಜರಾತಿನ ದಹೇಜ್‌ನಲ್ಲಿ ಹಿಂಡಾಲ್ಕೊದ ಬಿರ್ಲಾ ಕಾಪರ್ ಕುಲುಮೆ ಉರಿಯುತ್ತಲೇ ಇತ್ತು. ವೇದಾಂತದ್ದೇ ಸಿಲ್ವಾಸಾ ಶುದ್ಧೀಕರಣ ಘಟಕವೂ ನಿಲ್ಲಲಿಲ್ಲ. ಇನ್ನೊಂದು ಸಂಗತಿ ನನಗೆ ಆಮೇಲೆ ಹೊಳೆಯಿತು: ತೂತ್ತುಕುಡಿಯ ಕುಲುಮೆ ನಿರ್ವಹಣೆಗೆಂದು ನಿಂತದ್ದು ಮಾರ್ಚ್ ಕೊನೆಯಲ್ಲಿ. ಏಪ್ರಿಲ್‌ನಲ್ಲಿ ಮಾಲಿನ್ಯ ನಿಯಂತ್ರಣ ಮಂಡಳಿ ಪರವಾನಗಿ ನವೀಕರಿಸಲು ಒಪ್ಪಲಿಲ್ಲ. ನಾವು ಗಾಬರಿಯಾಗಿದ್ದು ಎರಡು ತಿಂಗಳು ಹಳೆಯ ಸುದ್ದಿಗೆ.

ಬೆಲೆಗೆ ಬರೋಣ. ಬೆಂಗಳೂರಿನಲ್ಲಿ ತಾಮ್ರದ ರಾಡು ಕೊಳ್ಳುವಾಗ ಯಾರೂ ಭಾರತದ ಬೇಡಿಕೆ ಪೂರೈಕೆಯನ್ನು ನೋಡಿ ದರ ಹೇಳುವುದಿಲ್ಲ. ಲಂಡನ್ನಿನ ಡಾಲರ್ ದರ, ಅದರ ಮೇಲೆ ಕ್ಯಾಥೋಡ್‌ನ (ಶುದ್ಧ ತಾಮ್ರದ ಹಲಗೆ) ಪ್ರೀಮಿಯಂ ಎಂಬ ಹೆಚ್ಚುವರಿ ದರ, ಆ ದಿನದ ವಿನಿಮಯ ದರ, ಆಮದು ಸುಂಕದ ಶೇ 5, ರಾಡು ಎಳೆದ ಕೂಲಿ, ಲಾರಿ ಬಾಡಿಗೆ, ಜಿಎಸ್‌ಟಿ. ದಹೇಜ್‌ನಲ್ಲಿ ತಯಾರಾದ ಮಾಲಿಗೂ ಸುಂಕ ಸೇರಿಸಿದ ಲೆಕ್ಕವೇ, ಏಕೆಂದರೆ ಹೊರಗಿನಿಂದ ತಂದರೆ ಎಷ್ಟು ಬೀಳುತ್ತದೋ ಅದೇ ಇಲ್ಲಿನ ಮಾರಾಟಗಾರನ ಅಳತೆಗೋಲು. ಈ ಸರಪಳಿಯಲ್ಲಿ ತೂತ್ತುಕುಡಿಗೆ ಕೈ ಹಾಕಲು ಸಾಧ್ಯವಿದ್ದದ್ದು ಪ್ರೀಮಿಯಂ ಮತ್ತು ಲಾರಿ ಬಾಡಿಗೆ, ಇವೆರಡಕ್ಕೆ ಮಾತ್ರ. ಉಳಿದ ದೊಡ್ಡ ಮೊತ್ತವೆಲ್ಲ ಲಂಡನ್ನಿನ ಕೈಯಲ್ಲಿತ್ತು, ಮತ್ತು 2018ರ ಜೂನ್‌ನಲ್ಲಿ ಲಂಡನ್ ನೋಡುತ್ತಿದ್ದದ್ದು ಅಮೆರಿಕ ಚೀನಾ ಸುಂಕ ಸಮರದ ಕಡೆಗೆ. ಜಗತ್ತಿನ ಸಂಸ್ಕರಿತ ತಾಮ್ರ ಆ ವರ್ಷ ಸುಮಾರು 2.4 ಕೋಟಿ ಟನ್. ಅದರಲ್ಲಿ ನಾಲ್ಕು ಲಕ್ಷ ಟನ್ ಎಂದರೆ ಶೇ 2 ಕೂಡ ಇಲ್ಲ.

ಅದಕ್ಕಿಂತ ದೊಡ್ಡ ಮಾತೊಂದಿದೆ. ತೂತ್ತುಕುಡಿಯಲ್ಲಿ ನಿಂತದ್ದು ಗಣಿಯಲ್ಲ, ಕುಲುಮೆ. ಚಿಲಿಯಲ್ಲೋ ಪೆರುವಿನಲ್ಲೋ ಅಗೆದ ಅದಿರನ್ನು ಅಲ್ಲೇ ಅರೆದು, ಸೋಸಿ, ಶೇ 25ರಿಂದ 30ರಷ್ಟು ತಾಮ್ರವಿರುವ ಕಪ್ಪು ಪುಡಿಯಾಗಿ ಹಡಗಿಗೆ ತುಂಬುತ್ತಾರೆ. ಆ ಪುಡಿಗೆ ಒಂದು ಕುಲುಮೆ ತಪ್ಪಿದರೆ ಇನ್ನೊಂದು ಕುಲುಮೆ. ತೂತ್ತುಕುಡಿಗೆ ಬರಬೇಕಿದ್ದ ಹಡಗುಗಳು ಬೇರೆ ಬಂದರು ಹಿಡಿದವು, ಚೀನಾದ ಕುಲುಮೆಗಳಿಗೆ ಪುಡಿ ಸಲೀಸಾಗಿ ಸಿಕ್ಕಿತು. ಜಗತ್ತಿನಲ್ಲಿ ಒಂದು ಕಿಲೋ ತಾಮ್ರವೂ ಹೆಚ್ಚು ದಿನ ಕಡಿಮೆಯಾಗಲಿಲ್ಲ.

ಈಗ ಕುಲುಮೆಯ ಗಳಿಕೆಯ ವಿಚಾರ. ಇದನ್ನು ತಿಳಿಯದೆ ಈ ಪ್ರಕರಣ ಅರ್ಥವಾಗುವುದಿಲ್ಲ, ಆದರೂ ಇದರ ಬಗ್ಗೆ ಬರೆಯುವವರು ಕಡಿಮೆ. ತಾಮ್ರದ ಬೆಲೆ ಏರಿದರೆ ಕುಲುಮೆಯವನಿಗೆ ಸುಗ್ಗಿ ಎಂದುಕೊಳ್ಳುತ್ತೇವೆ. ಹಾಗಿಲ್ಲ. ಅವನದು ಹಿಟ್ಟಿನ ಗಿರಣಿಯ ಕಸುಬು. ರಾಗಿಯ ಬೆಲೆ ಎಷ್ಟಾದರೂ ಇರಲಿ, ಬೀಸಿದ ಕೂಲಿ ಸೇರಿಗೆ ಇಷ್ಟು. ಗಣಿಯವನಿಗೆ ಲಂಡನ್ ದರದಲ್ಲೇ ಹಣ ಕೊಟ್ಟು, ಅದರಲ್ಲಿ ಸಂಸ್ಕರಣೆಯ ಕೂಲಿಯನ್ನು ಮುರಿದುಕೊಳ್ಳುತ್ತಾನೆ. ಪುಡಿಯ ಪ್ರತಿ ಟನ್ನಿಗೆ ಒಂದು ಕೂಲಿ, ಒಳಗಿನ ತಾಮ್ರದ ಪ್ರತಿ ಪೌಂಡಿಗೆ ಇನ್ನೊಂದು ಕೂಲಿ. 2018ರ ವಾರ್ಷಿಕ ಒಪ್ಪಂದದ ದರ ಟನ್ನಿಗೆ 82.25 ಡಾಲರ್, ಪೌಂಡಿಗೆ 8.225 ಸೆಂಟ್. ಒಂದು ಟನ್ ಶುದ್ಧ ತಾಮ್ರಕ್ಕೆ ಮೂರೂವರೆ ಟನ್ ಪುಡಿ ಬೇಕು ಎಂದುಕೊಂಡು ಗುಣಿಸಿದರೆ ಎರಡೂ ಸೇರಿ 465 ಡಾಲರ್ ಆಸುಪಾಸು ಬರುತ್ತದೆ. ತಾಮ್ರ ಟನ್ನಿಗೆ 6,500 ಡಾಲರ್ ಇದ್ದಾಗ ಇದು ಶೇ 7ರ ಬಾಬತ್ತು. ಜೊತೆಗೆ ಒಪ್ಪಂದಕ್ಕಿಂತ ಹೆಚ್ಚು ಹಿಂಡಿ ತೆಗೆದ ತಾಮ್ರ, ತಳದಲ್ಲಿ ಕೂರುವ ಕೆಸರಿನ ಚಿನ್ನ ಬೆಳ್ಳಿ, ಮತ್ತು ಗಂಧಕಾಮ್ಲ.

ಈ ಲೆಕ್ಕವನ್ನು ರಫ್ತಿನ ಮೇಲೆ ಇಟ್ಟು ನೋಡಿದೆ. 3.78 ಲಕ್ಷ ಟನ್ ತಾಮ್ರವನ್ನು ಆಗಿನ ದರದಲ್ಲಿ ಗುಣಿಸಿದರೆ ಸುಮಾರು 16 ಸಾವಿರ ಕೋಟಿ ರೂಪಾಯಿ. "ಇಷ್ಟು ವಿದೇಶಿ ವಿನಿಮಯ ಕಳೆದುಕೊಂಡೆವು" ಎಂಬ ಮಾತಿನ ಬೇರು ಇಲ್ಲಿದೆ. ಆದರೆ ಆ ತಾಮ್ರ ತಯಾರಿಸಲು ತಂದ ಪುಡಿಗೂ ಡಾಲರಿನಲ್ಲೇ ಹಣ ಹೋಗಿತ್ತು. ದೇಶದಲ್ಲಿ ಉಳಿಯುತ್ತಿದ್ದ ಬೀಸಿದ ಕೂಲಿ ಮೇಲಿನ ಲೆಕ್ಕದಂತೆ ಸುಮಾರು 1,140 ಕೋಟಿ. ಆಮ್ಲ, ಚಿನ್ನ, ಹೆಚ್ಚುವರಿ ತಾಮ್ರ ಸೇರಿಸಿ ಇದನ್ನು ದುಪ್ಪಟ್ಟು ಮಾಡಿದರೂ ಹದಿನಾರು ಸಾವಿರದ ಹತ್ತಿರಕ್ಕೂ ಬರುವುದಿಲ್ಲ. ನಷ್ಟ ಇಲ್ಲವೆಂದು ಹೇಳುತ್ತಿಲ್ಲ. ಎರಡು ಸಾವಿರದ ಮುನ್ನೂರು ಕೋಟಿ ಕೂಡ ನಷ್ಟವೇ, ಅಲ್ಲಿ ದುಡಿಯುತ್ತಿದ್ದವರ ಸಂಬಳವೂ ನಷ್ಟವೇ. ಆದರೆ ಮಾತು ಲೆಕ್ಕಕ್ಕೆ ತಕ್ಕಂತೆ ಇರಬೇಕು.

ನಿಜವಾಗಿ ಪೆಟ್ಟು ತಿಂದವರು ತಾಮ್ರದ ಪೇಟೆಯ ಹೊರಗಿದ್ದರು. ತಾಮ್ರದ ಪುಡಿಯಲ್ಲಿ ತಾಮ್ರದಷ್ಟೇ ಗಂಧಕವೂ ಇರುತ್ತದೆ. ಅದನ್ನು ಸುಟ್ಟಾಗ ಏಳುವ ಅನಿಲವನ್ನು ಹಿಡಿದು ಆಮ್ಲ ಮಾಡಿದರೆ ಟನ್ ತಾಮ್ರಕ್ಕೆ ಸುಮಾರು ಮೂರು ಟನ್ ಗಂಧಕಾಮ್ಲ. ದಕ್ಷಿಣದ ಗೊಬ್ಬರ, ಮಾರ್ಜಕ, ಬಣ್ಣ, ರಾಸಾಯನಿಕ ಘಟಕಗಳಿಗೆ ತೂತ್ತುಕುಡಿಯ ಟ್ಯಾಂಕರುಗಳೇ ದಿಕ್ಕಾಗಿದ್ದವು. ತಾಮ್ರದ ಕ್ಯಾಥೋಡನ್ನು ಜಪಾನಿನಿಂದ ತರಿಸಬಹುದು, ಹಡಗಿನ ಬಾಡಿಗೆ ಅದರ ಬೆಲೆಯ ಮುಂದೆ ಪುಡಿಗಾಸು. ಅಗ್ಗದ, ಸುಡುವ, ಸೋರುವ ಆಮ್ಲವನ್ನು ದೂರದಿಂದ ತರುವುದೆಂದರೆ ಬಾಡಿಗೆಯೇ ಮಾಲಿಗಿಂತ ಭಾರ. ಹಾಗಾಗಿ ತಾಮ್ರದ ಕುಲುಮೆ ಮುಚ್ಚಿದಾಗ ತಾಮ್ರ ಇಳಿಯಿತು, ಆಮ್ಲ ಏರಿತು. ನಮ್ಮ ಬೀದಿಯ ಕೊನೆಯಲ್ಲಿ ಲೋಹಕ್ಕೆ ಲೇಪ ಹಾಕುವ ಅಂಗಡಿಯೊಂದಿದೆ. 2018ರಲ್ಲಿ ನಾನು ತಂತಿಯ ರೀಲು ನೋಡಿ ಕೊರಗುತ್ತಿದ್ದಾಗ ಅವರು ಆಮ್ಲದ ಕ್ಯಾನುಗಳನ್ನು ಎಣಿಸುತ್ತಿದ್ದರು. ನಾನು ಅಂದು ಅವರನ್ನು ಕೇಳಬೇಕಿತ್ತು.

ನಮಗೂ ಸಣ್ಣ ಗೀರು ಬಿತ್ತು, ಅದು ದರಪಟ್ಟಿಯಲ್ಲಿ ಕಾಣದ ಗೀರು. ತೂತ್ತುಕುಡಿಯಿಂದ ಬೆಂಗಳೂರು ಆರು ನೂರು ಕಿಲೋಮೀಟರ್, ಲಾರಿ ಮರುದಿನ ಬಂದು ನಿಲ್ಲುತ್ತಿತ್ತು. ದಹೇಜ್‌ನ ಹಾದಿ ಅದರ ಎರಡರಷ್ಟು. ನಮ್ಮ ತಂತಿ ಎಳೆಯುವವರ ಅಂಗಳದಲ್ಲಿ ಎಂಟು ಮಿಲಿಮೀಟರ್ ರಾಡಿನ ಸುರುಳಿಗಳು, ಒಂದೊಂದೂ ಟನ್‌ಗಟ್ಟಲೆ ತೂಕದವು, ಮೊದಲು ಬರುಬರುತ್ತಲೇ ಯಂತ್ರಕ್ಕೆ ಏರುತ್ತಿದ್ದವು. ಆಮೇಲೆ ನಾಲ್ಕು ದಿನ ಮುಂಚೆ ತರಿಸಿ ಇಟ್ಟುಕೊಳ್ಳುವುದು ರೂಢಿಯಾಯಿತು. ಮಳೆಗಾಲದಲ್ಲಿ ಪ್ಲಾಸ್ಟಿಕ್ ಹರಿದ ಕಡೆ ಹೊಸ ರಾಡಿನ ನಸುಗೆಂಪು ಮಾಸಿ ಕಂದು ಕಲೆ ಕೂರುತ್ತದೆ, ಅಷ್ಟು ಉದ್ದ ಕತ್ತರಿಸಿ ಗುಜರಿಗೆ. ನಾಲ್ಕು ದಿನದ ದಾಸ್ತಾನಿನ ಬಡ್ಡಿ, ಕತ್ತರಿಸಿದ ರಾಡು, ಇವು ಯಾವ ಅಧ್ಯಯನದ ಕೋಷ್ಟಕದಲ್ಲೂ ಬರಲಾರವು.

ಖಾಲಿಯಾದ ಜಾಗಕ್ಕೆ ಬಂದವರಲ್ಲಿ ಮೊದಲಿಗ ಜಪಾನ್. 2011ರ ಭಾರತ ಜಪಾನ್ ಒಪ್ಪಂದದಂತೆ ಅಲ್ಲಿನ ಕ್ಯಾಥೋಡ್ ಮೇಲಿನ ಸುಂಕ ಹಂತಹಂತವಾಗಿ ಸೊನ್ನೆಗೆ ಇಳಿಯಿತು. 2023-24ರಲ್ಲಿ ಭಾರತ ಸುಮಾರು 3.6 ಲಕ್ಷ ಟನ್ ಸಂಸ್ಕರಿತ ತಾಮ್ರ ಆಮದು ಮಾಡಿಕೊಂಡಿತು. ಅದರ ಮೂರರಲ್ಲಿ ಎರಡು ಪಾಲು ಜಪಾನಿನದು. ಆಗ್ನೇಯ ಏಷ್ಯಾದಿಂದ ನುಗ್ಗಿದ ಅಗ್ಗದ ರಾಡಿಗೆ 2020ರ ಜನವರಿಯಲ್ಲಿ ಸರ್ಕಾರ, ಅಲ್ಲಿನ ಸಬ್ಸಿಡಿಗೆ ಪ್ರತಿಯಾಗಿ, ಹೆಚ್ಚುವರಿ ಸುಂಕ ಹಾಕಿತು. 2024ರ ಡಿಸೆಂಬರ್‌ನಿಂದ ಆಮದು ಕ್ಯಾಥೋಡ್‌ಗೂ ಬಿಐಎಸ್ (ಭಾರತೀಯ ಮಾನಕ ಬ್ಯೂರೋ) ಗುಣಮಟ್ಟದ ಗುರುತು ಕಡ್ಡಾಯವೆಂದಾಗ ಕೊಳ್ಳುವವರು ಮತ್ತೆ ಗೊಣಗಿದರು. ಕುಲುಮೆಯವರಿಗೆ ಬೇಲಿ ಬೇಕು, ತಂತಿ ಎಳೆಯುವವರಿಗೆ ಬೇಲಿ ಬೇಡ. ನಾನು ಯಾವ ಕಡೆಯವನೆಂದು ಹೇಳಬೇಕಾಗಿಲ್ಲ.

ನಿಜವಾದ ಬೆಲೆ ಏರಿಕೆ ಬಂದದ್ದು ತೂತ್ತುಕುಡಿಯನ್ನು ಎಲ್ಲರೂ ಮರೆತ ಮೇಲೆ. 2020ರ ಮಾರ್ಚ್‌ನಲ್ಲಿ ಲಂಡನ್ ದರ 4,600 ಡಾಲರ್ ಹತ್ತಿರಕ್ಕೆ ಬಿದ್ದಿತ್ತು, ಅಂದಿನ ವಿನಿಮಯದಲ್ಲಿ ಸುಂಕಕ್ಕೆ ಮೊದಲು ಕಿಲೋಗೆ 350 ರೂಪಾಯಿ. 2021ರ ಮೇ ತಿಂಗಳಲ್ಲಿ 10,700 ಡಾಲರ್ ದಾಟಿತು. 2022ರ ಜುಲೈನಲ್ಲಿ ಮತ್ತೆ 7,000ದ ಕೆಳಗೆ. 2024ರ ಮೇ ತಿಂಗಳಲ್ಲಿ 11,100 ದಾಟಿ ಅದುವರೆಗಿನ ದಾಖಲೆ. 2025ರ ಜುಲೈನಲ್ಲಿ ಅಮೆರಿಕ ತಾಮ್ರಕ್ಕೆ ಶೇ 50 ಸುಂಕ ಎಂದು ಗದರಿಸಿ, ಕೊನೆಗೆ ಸಂಸ್ಕರಿತ ತಾಮ್ರವನ್ನು ಹೊರಗಿಟ್ಟಾಗ ನ್ಯೂಯಾರ್ಕಿನ ದರ ಒಂದೇ ದಿನ ಶೇ 20ಕ್ಕೂ ಹೆಚ್ಚು ಬಿತ್ತು. ಸೆಪ್ಟೆಂಬರ್‌ನಲ್ಲಿ ಇಂಡೊನೇಷ್ಯಾದ ಗ್ರಾಸ್‌ಬರ್ಗ್ ಗಣಿಯೊಳಗೆ ಕೆಸರು ನುಗ್ಗಿತು, ವರ್ಷದ ಕೊನೆಗೆ ಲಂಡನ್ 12,000 ಡಾಲರ್ ದಾಟಿತು. ರೂಪಾಯಿಯಲ್ಲಿ ಕಿಲೋಗೆ ಸಾವಿರದ ಎಂಬತ್ತರ ಆಸುಪಾಸು, ಆರು ವರ್ಷ ತುಂಬುವುದರೊಳಗೆ ಮೂರು ಪಟ್ಟು. ಈ ಏರಿಳಿತದ ಒಂದು ಮೆಟ್ಟಿಲಿನಲ್ಲೂ ತೂತ್ತುಕುಡಿಯ ಹೆಸರಿಲ್ಲ.

ಬೇಡಿಕೆ ಮಾತ್ರ ಭಾರತದ್ದೇ. ಗುಜರಿಯಿಂದ ಬಂದದ್ದೂ ಸೇರಿ ದೇಶದ ತಾಮ್ರದ ಬೇಡಿಕೆ 2022-23ರಲ್ಲಿ 15 ಲಕ್ಷ ಟನ್, 2024-25ರಲ್ಲಿ 18.8 ಲಕ್ಷ ಟನ್ ಹತ್ತಿರ. ಕಟ್ಟಡ, ಸೌರ ಫಲಕ, ಹವಾನಿಯಂತ್ರಕ, ವಿದ್ಯುತ್ ವಾಹನ. ಸಂಸ್ಕರಿತ ತಾಮ್ರದ ದೇಶೀಯ ಉತ್ಪಾದನೆ ಅದೇ 2024-25ರಲ್ಲಿ 5.73 ಲಕ್ಷ ಟನ್. ನಡುವಿನ ಕಂದಕವನ್ನು ಗುಜರಿ ಮತ್ತು ಹಡಗು ತುಂಬಬೇಕು. 2018ರಲ್ಲಿ ಹೆಚ್ಚುವರಿಯಾಗಿ ಕಂಡ ನಾಲ್ಕು ಲಕ್ಷ ಟನ್ ಇಂದು ಇದ್ದಿದ್ದರೆ ಒಂದು ತುಣುಕೂ ಚೀನಾಕ್ಕೆ ಹೋಗುತ್ತಿರಲಿಲ್ಲ. ಮುಚ್ಚುಗಡೆಯ ವಿರುದ್ಧ ಗಟ್ಟಿಯಾದ ವಾದವೊಂದಿದ್ದರೆ ಅದು ಇದು, ಹದಿನಾರು ಸಾವಿರ ಕೋಟಿಯದಲ್ಲ.

ಆ ವಾದವನ್ನೂ ಗುಜರಾತಿನ ಮುಂದ್ರಾದ ಹೊಸ ಕುಲುಮೆ ಸ್ವಲ್ಪ ಕೆಡಿಸಿದೆ. ಅದಾನಿ ಸಮೂಹದ ಕಚ್ ಕಾಪರ್ 2024ರ ಮಾರ್ಚ್‌ನಲ್ಲಿ ಮೊದಲ ಕ್ಯಾಥೋಡ್ ಹೊರಗೆ ಕಳಿಸಿತು. ಮೊದಲ ಹಂತದ ಸಾಮರ್ಥ್ಯ 5 ಲಕ್ಷ ಟನ್, ತೂತ್ತುಕುಡಿಗಿಂತ ದೊಡ್ಡದು. ಆದರೆ ಕುಲುಮೆ ಸಿದ್ಧವಾದಾಗ ಬೀಸಲು ರಾಗಿ, ಅಂದರೆ ತಾಮ್ರದ ಪುಡಿ, ಇಲ್ಲ. 2023ರ ನವೆಂಬರ್‌ನಲ್ಲಿ ಪನಾಮಾದ ಸುಪ್ರೀಂ ಕೋರ್ಟ್ ಅಲ್ಲಿನ ದೈತ್ಯ ಗಣಿಯ ಒಪ್ಪಂದವನ್ನು ಅಸಾಂವಿಧಾನಿಕ ಎಂದಿತು, ಗಣಿ ನಿಂತಿತು. ಚೀನಾ ಕುಲುಮೆ ಕಟ್ಟುವುದನ್ನು ನಿಲ್ಲಿಸಲಿಲ್ಲ. ಕೂಲಿಯ ವಾರ್ಷಿಕ ದರ 2024ರಲ್ಲಿ ಟನ್ನಿಗೆ 80 ಡಾಲರ್ ಇದ್ದದ್ದು 2025ರಲ್ಲಿ 21.25ಕ್ಕೆ ಕುಸಿಯಿತು. ನನ್ನ ಹಳೆಯ ಗುಣಾಕಾರವನ್ನೇ ಮತ್ತೆ ಹಾಕಿದರೆ ಟನ್ ತಾಮ್ರಕ್ಕೆ 120 ಡಾಲರ್, ಬೆಲೆಯ ಶೇ 1ರ ಚಿಲ್ಲರೆ. 2026ಕ್ಕೆ ಚಿಲಿಯ ಗಣಿ ಕಂಪನಿಯೊಂದು ಚೀನಾದ ಕುಲುಮೆಯೊಂದರ ಜೊತೆ ಕುದುರಿಸಿದ್ದು ನೇರ ಸೊನ್ನೆ. ಕೂಲಿಯಿಲ್ಲದೆ ಬೀಸುವುದು, ಉದುರಿದ ತೌಡಿನಲ್ಲೇ ಬದುಕುವುದು. ಇಂದು ಜಗತ್ತಿನ ಕುಲುಮೆಗಳು ಉಸಿರಾಡುತ್ತಿರುವುದು ಬಹುಮಟ್ಟಿಗೆ ಆಮ್ಲ ಮತ್ತು ಚಿನ್ನದ ಹಣದಲ್ಲಿ. ಯಾವ ಹೊಗೆಗಾಗಿ ಜನ ಬೀದಿಗಿಳಿದರೋ ಆ ಗಂಧಕವೇ ಈಗ ಕುಲುಮೆಯ ಅನ್ನ.

ಹಾಗಾದರೆ ರಾಗಿಯನ್ನೇ ಬೆಳೆಯಬಾರದೇ? ದೇಶದಲ್ಲಿ ತಾಮ್ರದ ಅದಿರು ಅಗೆಯುವುದು ಸರ್ಕಾರಿ ಹಿಂದೂಸ್ತಾನ್ ಕಾಪರ್ ಒಂದೇ. ಮಧ್ಯಪ್ರದೇಶದ ಮಲಾಂಜ್‌ಖಂಡ್, ರಾಜಸ್ಥಾನದ ಖೇತ್ರಿ, ಜಾರ್ಖಂಡ್‌ನ ಘಾಟ್‌ಶಿಲಾ. ವರ್ಷಕ್ಕೆ ನಲವತ್ತು ಲಕ್ಷ ಟನ್ನಿಗೂ ಕಡಿಮೆ ಅದಿರು, ಅದರಲ್ಲಿ ತಾಮ್ರ ಶೇ 1ರ ಆಸುಪಾಸು. ಕುಲುಮೆಗಳ ಹಸಿವಿನ ಹತ್ತರಲ್ಲಿ ಒಂದು ಪಾಲೂ ತುಂಬುವುದಿಲ್ಲ. ಅದನ್ನು 1.22 ಕೋಟಿ ಟನ್ನಿಗೆ ಏರಿಸುವ ಯೋಜನೆಯಿದೆ. ಚಿಲಿಯೊಂದಿಗೆ ವ್ಯಾಪಾರ ಒಪ್ಪಂದದ ಮಾತುಕತೆ, ಜಾಂಬಿಯಾದಲ್ಲಿ 9,000 ಚದರ ಕಿಲೋಮೀಟರ್ ಶೋಧನೆ, ಎಲ್ಲವೂ 2025ರ ಓಟ. ನಮ್ಮ ಚಿತ್ರದುರ್ಗದ ಪಕ್ಕದ ಇಂಗಳದಾಳ್‌ನಲ್ಲಿ ಹಟ್ಟಿ ಚಿನ್ನದ ಗಣಿ ಕಂಪನಿಯ ತಾಮ್ರ ಘಟಕವಿತ್ತು. ಗಣಿ ಮುಚ್ಚಿ ದಶಕಗಳೇ ಕಳೆದಿವೆ.

ಹೋದ ತಿಂಗಳು ಊರಿಗೆ ಹೋದಾಗ ಸಂತೆಪೇಟೆಯ ರಿವೈಂಡಿಂಗ್ ಅಂಗಡಿಯಲ್ಲಿ ಕೂತಿದ್ದೆ. ರೈತನೊಬ್ಬ ಸುಟ್ಟ ಐದು ಅಶ್ವಶಕ್ತಿಯ ಮೋಟಾರು ತಂದಿದ್ದ. ಹುಡುಗ ಕರಕಲಾದ ಸುರುಳಿಗಳನ್ನು ಉಳಿಯಿಂದ ಕಿತ್ತು ತಕ್ಕಡಿಗೆ ಹಾಕಿದ, ಅಂಗಡಿಯವರು ಹಳೆ ತಾಮ್ರದ ದುಡ್ಡು ಕಳೆದು ಹೊಸ ತಂತಿಯ ಲೆಕ್ಕ ಹೇಳಿದರು. ರೈತ ಒಂದು ಗಳಿಗೆ ಸುಮ್ಮನಿದ್ದು, "ಅಲ್ಯೂಮಿನಿಯಂ ಹಾಕಿದರೆ ಎಷ್ಟು ಕಾಲ ಬರುತ್ತದೆ?" ಎಂದ. ಅಂಗಡಿಯವರು ಉತ್ತರಿಸುವ ಮೊದಲು ಮೊಬೈಲ್ ತೆಗೆದು ಆ ದಿನದ ಎಂಸಿಎಕ್ಸ್ (ಮುಂಬೈನ ಸರಕು ವಿನಿಮಯ ಕೇಂದ್ರ) ದರ ನೋಡಿದರು. ಅವರ ಬಿಲ್ ಪುಸ್ತಕದ ಮೇಲೆ ಹಿಂದೆ "ದರ ಹದಿನೈದು ದಿನ ಚಾಲ್ತಿ" ಎಂದು ಅಚ್ಚಾಗಿತ್ತು. ಹದಿನೈದನ್ನು ಹೊಡೆದು ಪೆನ್ನಿನಲ್ಲಿ ಒಂದು ಎಂದು ಬರೆದಿದ್ದರು.